ಗಿರಣಿಯವರ ಕೊಲೆಗಳು, ನನ್ನ ಹೊಟ್ಟೆಯುರಿ

ರಾಯದುರ್ಗದ ನಮ್ಮ ಬೀದಿಯಲ್ಲಿ ವರ್ಷಕ್ಕೆ ಮೂರೋ ನಾಲ್ಕೋ ಕೊಲೆ ಆಗುತ್ತಲೇ ಇರುತ್ತವೆ. ಎಲ್ಲವನ್ನೂ ಮಾಡುವವರು ನಮ್ಮ ಎದುರಿನ ಹಿಟ್ಟಿನ ಗಿರಣಿಯವರು. ಕಾಗದದ ಮೇಲೆ ಅನ್ನಿ. ಒಂದೊಂದು ಕೊಲೆಗೂ ಅವರಿಗೆ ಹೆಸರು ಬರುತ್ತದೆ, ನನಗೆ ಹೊಟ್ಟೆಯುರಿ ಬರುತ್ತದೆ.

ನಾನು ಹೈಸ್ಕೂಲಿನ ಕನ್ನಡ ಮೇಷ್ಟ್ರು. ಎಂ.ಎ. ಮಾಡಿದವನು, ಛಂದಸ್ಸು ಬಲ್ಲವನು. ಒಂದು ಕವನ ಸಂಕಲನ ಬಂದಿದೆ. ಪ್ರತಿಗಳು ಮಂಚದ ಕೆಳಗೆ ಕ್ಷೇಮವಾಗಿವೆ. ಗಿರಣಿಯವರು ಮಡಕಶಿರಾ ಸೀಮೆ, ಅಗಳಿ ಹತ್ತಿರದವರು. ಓದಿದ್ದು ಹತ್ತನೇ ಕ್ಲಾಸು, ಅದೂ ತೆಲುಗು ಮೀಡಿಯಂ. ಬಸ್‌ಸ್ಟ್ಯಾಂಡಿನ ಹಳೇ ಪುಸ್ತಕ ಓದಿ ಓದಿ ಕನ್ನಡ ಬರವಣಿಗೆ ಕಲಿತರು. ಒಂದು ದಿನ ಬೆಲ್ಟು ಹರಿದು ಗಿರಣಿ ನಿಂತಾಗ, ಸುಮ್ಮನೆ ಯಾಕೆ ಕೂರುವುದೆಂದು ಪತ್ತೇದಾರಿ ಕಾದಂಬರಿ ಶುರು ಮಾಡಿದರು. ಆ ಬೆಲ್ಟು ಇನ್ನೊಂದು ವರ್ಷ ಬಾಳಿಕೆ ಬಂದಿದ್ದರೆ ನಾನು ನೆಮ್ಮದಿಯಾಗಿರುತ್ತಿದ್ದೆ.

ಅಲ್ಪವಿರಾಮ

ಮೊದಲ ಕಾದಂಬರಿ ಅರ್ಧ ಆದಾಗ ನನ್ನ ಹತ್ತಿರ ಬಂದರು.

"ಸಾರ್, ಈ ಕಾಮಾ ಅಂತ ಹಾಕ್ತಾರಲ್ಲ, ಅದ್ನ ಎಲ್ಲೆಲ್ಲಿ ಹಾಕ್ಬೇಕು?"

ನಮ್ಮ ಮೇಷ್ಟ್ರು ನಮಗೆ ಹೇಳಿಕೊಟ್ಟಿದ್ದನ್ನೇ ಹೇಳಿದೆ: "ಗಟ್ಟಿಯಾಗಿ ಓದ್ರಿ. ಎಲ್ಲಿ ಉಸಿರಿಗೆ ನಿಲ್ತೀರೋ ಅಲ್ಲೊಂದು ಹಾಕ್ರಿ."

ಹಿಟ್ಟಿನ ಧೂಳಿಗೆ ಅವರಿಗೆ ದಮ್ಮಿನ ಕಾಯಿಲೆಯಿದೆ ಎಂಬುದು ನನಗೆ ಹೊಳೆಯಲಿಲ್ಲ. 'ಅವನು, ಮೆಲ್ಲಗೆ, ಬಾಗಿಲು, ತೆಗೆದ, ಒಳಗೆ, ಕತ್ತಲೆ' ಎಂದು ಪುಸ್ತಕದ ಉದ್ದಕ್ಕೂ ಹಾಗೇ ಕೆಮ್ಮುತ್ತ ಬರೆದಿದ್ದರು. ನೋಡಿ ಒಳಗೊಳಗೇ ಖುಷಿಪಟ್ಟೆ. ಪ್ರಕಾಶಕರು ಇದನ್ನು ಒಲೆಗೂ ಹಾಕಲಾರರು ಅಂದುಕೊಂಡೆ.

ಬಳ್ಳಾರಿಯ ಪ್ರಕಾಶಕರು ಫೋನ್ ಮಾಡಿದರು. ಗಿರಣಿಯವರು ನನಗೂ ಕೇಳಲೆಂದು ಸ್ಪೀಕರ್ ಹಾಕಿದರು.

"ಏನ್ ಶೈಲಿರಿ ಇದು! ಓದೋರಿಗೆ ಉಸಿರೇ ಕಟ್ತದಲ್ರಿ!"

ನಮ್ಮ ಮನೆಯ ರಾಗಿ

ಮುಂದಿನ ಕಾದಂಬರಿಗಳನ್ನು ಅವರು ಅಚ್ಚಿಗೆ ಕೊಡುವ ಮೊದಲು ಗಿರಣಿಗೆ ಬಂದ ಹೆಂಗಸರಿಗೆ ಹೇಳತೊಡಗಿದರು. ಕಾಳು ಹಿಟ್ಟಾಗುವಷ್ಟು ಹೊತ್ತು ಕಥೆ. ಹಿಟ್ಟು ಮುಗಿದರೆ ಕಥೆ ನಿಂತಿತು. ನನ್ನ ಹೆಂಡತಿ ದಿನಾ ಒಂದು ಪುಟ್ಟ ಡಬ್ಬಿ ಹಿಡಿದು ಹೊರಟಳು. ಒಂದು ದಿನ ರಾಗಿ, ಒಂದು ದಿನ ಜೋಳ, ಒಂದು ದಿನ ಕಡಲೆ. ಅಡುಗೆಮನೆ ತುಂಬ ಹಿಟ್ಟು.

"ತಿಂಗಳದ್ದು ಒಂದೇ ಸಲ ಬೀಸಿಸಿಕೊಂಡು ಬರಬಾರದೇನ?" ಎಂದು ರೇಗಿದೆ.

"ಒಂದೇ ಸಲ ಬೀಸಿದ್ರ ಕೊಲೆ ಮಾಡಿದವ ಯಾರಂತ ಹೆಂಗ ಗೊತ್ತಾಗ್ತದ್ರಿ?"

ಮನಸ್ಸಿಗೆ ಬಹಳ ನೋವಾಯಿತು. ಅವತ್ತು ಊಟವಾದ ಮೇಲೆ ನನ್ನ ಸಂಕಲನ ತೆಗೆದು ಅವಳೆದುರು ಒಂದು ಪದ್ಯ ರಾಗವಾಗಿ ಓದಿದೆ. ಕಣ್ಣು ಮುಚ್ಚಿ ಕೇಳಿದಳು. ಮುಗಿದ ಮೇಲೂ ಕಣ್ಣು ತೆರೆಯಲಿಲ್ಲ. ತನ್ಮಯಳಾಗಿದ್ದಾಳೆ ಅಂದುಕೊಂಡೆ. ಗೊರಕೆ ಶುರುವಾಯಿತು.

ಯಾವ ಸ್ಟೇಷನ್?

ಗಿರಣಿಯವರು ಮೆಡಿಕಲ್ ಶಾಪಿಗೆ ಹೋಗಿ, "ಸಾರಿನಾಗೆ ಹಾಕಿದ್ರೆ ವಾಸ್ನೆ ಬರದೇ ಇರೋ ವಿಷ ಯಾವ್ದೈತೆ ಸಾರ್?" ಎಂದು ಕೇಳಿದ್ದಾರೆ. ಅಂಗಡಿಯವರು ಪೋಲೀಸರಿಗೆ ಫೋನ್ ಮಾಡಿದ್ದಾರೆ. ಪೋಲೀಸರು ಗಿರಣಿಯವರನ್ನು ಹಿಡಿದುಕೊಂಡು ಹೋಗಿ, ಗುರುತು ಹೇಳಲು ನನ್ನನ್ನೂ ಠಾಣೆಗೆ ಕರೆಸಿದರು. ನಾನೆಂದೂ ಅವರನ್ನು ಲೇಖಕರು ಎಂದು ಕರೆದವನಲ್ಲ. ಆದರೆ ಅವತ್ತು ಆ ಮನುಷ್ಯ ಬೆವೆತು ನಿಂತಿದ್ದು ನೋಡಲಾಗಲಿಲ್ಲ.

"ಇವರು ರೈಟರ್, ಸರ್" ಅಂದೆ.

"ಯಾವ ಸ್ಟೇಷನ್?" ಅಂದರು ಇನ್ಸ್‌ಪೆಕ್ಟರು. ಠಾಣೆಯಲ್ಲಿ ಕೇಸು ಬರೆದಿಡುವ ಪೋಲೀಸಿಗೆ ರೈಟರ್ ಎನ್ನುವುದು ರೂಢಿ.

"ಹಂಗಲ್ಲ ಸರ್, ಕಥೆ ಬರೆಯೋ ರೈಟರ್."

"ನಮ್ಮ ರೈಟರೂ ಅದನ್ನೇ ಬರೆಯೋದು" ಎಂದು ನಕ್ಕು, ಕುರ್ಚಿ ತರಿಸಿ ಗಿರಣಿಯವರನ್ನು ಕೂರಿಸಿದರು. ಟೀ ಬಂತು. ಮುಂದಿನ ಕೊಲೆ ಹೇಗೆ ಮಾಡ್ತೀರಿ ಎಂದು ವಿಚಾರಿಸಿದರು. ಆಮೇಲೆ ನನ್ನ ಕಡೆ ತಿರುಗಿ, "ತಾವು?" ಎಂದರು.

"ನಾನು ಕವಿ, ಸರ್."

"ಸರಿ, ನಿಮ್ಮ ಮೇಲೆ ಕಂಪ್ಲೇಂಟ್ ಏನೂ ಇಲ್ಲ. ಹೋಗಬಹುದು."

ಸತ್ತ ಮೇಷ್ಟ್ರು

ಇದಾದ ಮೇಲೆ ಬಂದ ಕಾದಂಬರಿಯ ಮೊದಲ ಪುಟದಲ್ಲೇ ಒಬ್ಬ ಕನ್ನಡ ಮೇಷ್ಟ್ರು ಸಾಯುತ್ತಾರೆ. ನನ್ನದೇ ಬೋಳುತಲೆ, ನನ್ನದೇ ಕೊಡೆ, ಮಾತಿಗೊಮ್ಮೆ "ಏನಪಾ ಅಂದ್ರ" ಎನ್ನುವ ನನ್ನದೇ ಚಟ. ಮೈ ಉರಿದುಹೋಯಿತು. ಅಷ್ಟರಲ್ಲಿ ಮಡಕಶಿರಾದಲ್ಲಿ ಅವರಿಗೆ ಸನ್ಮಾನ ಏರ್ಪಾಡಾಯಿತು. ನಾನೂ ಮಾತಾಡಬೇಕೆಂದು ಕರೆದರು. ಎಲ್ಲರೆದುರೇ ಮಾನ ಕಳೆಯುತ್ತೇನೆಂದು ಕಟುವಾದ ಭಾಷಣ ಬಾಯಿಪಾಠ ಮಾಡಿಕೊಂಡು ಬಸ್ಸು ಹತ್ತಿದೆ.

ಸಭೆ ತುಂಬಿತ್ತು. ಮೈಕಿನ ಮುಂದೆ ನಿಂತು "ಏನಪಾ ಅಂದ್ರ..." ಎಂದೆ, ಅಷ್ಟೇ. ಹಿಂದಿನ ಸಾಲಿನಿಂದ ಯಾರೋ ಕೂಗಿದರು:

"ಲೇ, ಸತ್ತೋದ ಮೇಷ್ಟ್ರು ಇವ್ರೇ ಕಣ್ರೋ!"

ಚಪ್ಪಾಳೆಯೋ ಚಪ್ಪಾಳೆ. ಜನ ವೇದಿಕೆಗೇ ನುಗ್ಗಿದರು. ಸೆಲ್ಫಿ ಅಂತೆ, ಹಸ್ತಾಕ್ಷರ ಅಂತೆ. ಅಮರಾಪುರದಿಂದ ಬಂದಿದ್ದ ಅಜ್ಜಿಯೊಬ್ಬರು ನನ್ನ ಕೈ ಹಿಡಿದು, "ನೀವು ಸತ್ತಾಗ ನಂಗೆ ಊಟವೇ ಸೇರ್ನಿಲ್ಲ ಕಣಪ್ಪ" ಎಂದು ಕಣ್ಣೊರೆಸಿಕೊಂಡರು. ನನ್ನ ಜೀವನದ ಮೊಟ್ಟಮೊದಲ ಹಸ್ತಾಕ್ಷರ ಹಾಕಿದ್ದು ಅವತ್ತೇ, ಇನ್ನೊಬ್ಬರ ಪುಸ್ತಕದ ಮೇಲೆ. ಭಾಷಣ ಪೂರ್ತಿ ಮರೆತುಹೋಯಿತು.

ವಾಪಸು ಬರುವಾಗ ಬಸ್ಸಿನಲ್ಲಿ ಗಿರಣಿಯವರ ಪಕ್ಕ ಕೂತೆ. ಕಲ್ಯಾಣದುರ್ಗ ಬರುವವರೆಗೆ ತಡೆದುಕೊಂಡೆ. ಆಮೇಲೆ ಕೇಳಿಯೇಬಿಟ್ಟೆ:

"ಅಲ್ರಿ, ಇದರ ಎರಡನೇ ಭಾಗ ಬರೀತೀರಂತಲ್ಲ. ಅದರಾಗ ಆ ಮೇಷ್ಟ್ರು ಸತ್ತೇ ಇರಲಿಲ್ಲ ಅಂತ ಮಾಡಿದ್ರ ಹೆಂಗ?"

ಗಿರಣಿಯವರು ನಿಜವಾಗಿಯೂ ಮರುಗಿದರು. ನನ್ನ ಕೈ ಮೇಲೆ ಕೈ ಇಟ್ಟರು.

"ಮೊದ್ಲೇ ಹೇಳೋದಲ್ವಾ ಸಾರ್? ಪೋಸ್ಟ್‌ಮಾರ್ಟಂ ಮಾಡ್ಸಿಬಿಟ್ಟಿದ್ದೀನಲ್ಲ!"