ಹನ್ನೊಂದನೆಯ ಮೀನು

"ವೈನಿ, ಇನ್ನ ನೀವು ಕೈ ಅಲ್ಲಾಡಸೂದ ಬ್ಯಾಡ. ಸುಮ್ಮ ಕುರ್ಚಿ ಮ್ಯಾಲ ಕುಂತು ನೋಡ್ರಿ" ಎಂದು ನನ್ನ ಮೈದುನ ಜಿನ್ನಪ್ಪ ಮೊಬೈಲನ್ನು ಆರತಿ ತಟ್ಟೆಯಂತೆ ಎರಡೂ ಕೈಯಲ್ಲಿ ಹಿಡಿದು ನಿಂತ.

ನಾನು ಕುಳಿತೆ. ನಾಲ್ಕು ತಿಂಗಳಿಂದ ನಾನು ಮಾಡುತ್ತಿದ್ದುದೂ ಅದನ್ನೇ. ಪಕ್ಕದ ಮನೆಯ ಅಕ್ಕಾತಾಯಿ ಬಾಗಿಲಿಗೆ ಒರಗಿ ನಿಂತಳು. ಜಿನ್ನಪ್ಪನ ಯಂತ್ರಗಳನ್ನು ಅವಳು ಯಾವಾಗಲೂ ಬಾಗಿಲಲ್ಲೇ ನಿಂತು ನೋಡುತ್ತಾಳೆ. ಓಡುವುದಕ್ಕೆ ಅನುಕೂಲ.

ನಮ್ಮ ಪಡಸಾಲೆಯಲ್ಲಿ ಎಂಟು ಅಡಿ ಉದ್ದದ ಗಾಜಿನ ಮೀನಿನ ತೊಟ್ಟಿಯಿದೆ. ಅದರ ಮೇಲೆ ಜಿನ್ನಪ್ಪ ಹಿಟ್ಟಿನ ಡಬ್ಬಿಯಷ್ಟು ದೊಡ್ಡ ಪೆಟ್ಟಿಗೆಯೊಂದನ್ನು ಕೂರಿಸಿದ್ದ. ದೀಪ, ಗಾಳಿಯ ಪಂಪು, ನೀರು ಬಿಸಿ ಮಾಡುವ ಹೀಟರು, ಮೀನಿಗೆ ಆಹಾರ ಉದುರಿಸುವ ಕೊಳವೆ ಎಲ್ಲವೂ ಅದರ ಅಧೀನ. ತೊಟ್ಟಿಯ ಹಿಂದಿನ ಗಾಜಿಗೆ ಗೋಲಿ ಗಾತ್ರದ ಕ್ಯಾಮೆರಾ ಅಂಟಿಸಿದ್ದ. ಅದು ನೀರಿನ ಮೂಲಕ ಪಡಸಾಲೆಯ ಕಡೆಗೆ ನೋಡುತ್ತಿತ್ತು. ಇಷ್ಟು ಸಾಲದೆಂದು ಮನೆಯ ಫ್ಯಾನು, ಟೀವಿ, ಮಿಕ್ಸರುಗಳನ್ನೂ ವೈಫೈ ಮೂಲಕ ಅದಕ್ಕೆ ಜೋಡಿಸಿದ್ದ.

"ಇದರ ಹೆಸರು ಮತ್ಸ್ಯಬಂಧು. ಮೀನಿನ ಮನಸ್ಸು ಓದತೈತಿ. ಯಾವುದಕ್ಕ ಹಸಿವು, ಯಾವುದಕ್ಕ ಚಳಿ, ಯಾವುದಕ್ಕ ಬ್ಯಾಸರ, ಎಲ್ಲಾ ತಾನ ತಿಳಕೊಂಡು ಬೇಕಾದ್ದ ಮಾಡತೈತಿ. ಒಂದ ಮೀನೂ ಉಪವಾಸ ಇರಬಾರದು ಅಂತ ಅದಕ್ಕ ಕಟ್ಟಪ್ಪಣಿ ಮಾಡೇನಿ."

"ಗಂಟಿ ಹಂಗ ಆಗೂದಿಲ್ಲಲಾ?" ಎಂದಳು ಅಕ್ಕಾತಾಯಿ.

ಜಿನ್ನಪ್ಪನ ಮುಖ ಸಣ್ಣದಾಯಿತು. ನಾವು ಜೈನರು ಹೊತ್ತು ಮುಳುಗಿದ ಮೇಲೆ ಉಣ್ಣುವುದಿಲ್ಲ. ಬೆಳಗಾವಿಯ ಫೌಂಡ್ರಿಯೊಂದರಲ್ಲಿ ಮೂವತ್ತು ವರ್ಷ ದುಡಿದು ನಿವೃತ್ತನಾದ ಜಿನ್ನಪ್ಪ, ಓಣಿಗೆ ಉಪಕಾರವಾಗಲೆಂದು ಹೊತ್ತು ಮುಳುಗುವ ಮುಂಚೆ ಬೆಳಕು ನೋಡಿ ತಾನಾಗಿಯೇ ಬಡಿಯುವ ಗಂಟೆಯನ್ನು ಮಾಡಿದ್ದ. ಮೋಡ ಕವಿದ ಒಂದು ದಿನ ಅದು ಮಧ್ಯಾಹ್ನ ಮೂರಕ್ಕೇ ಬಡಿಯಿತು. ಓಣಿಯವರೆಲ್ಲ ಗಡಿಬಿಡಿಯಿಂದ ಉಂಡು, ಕೈ ತೊಳೆದು, ಇನ್ನು ಇಂದಿಗೆ ಆಹಾರವಿಲ್ಲವೆಂದು ಸಂಕಲ್ಪ ಮಾಡಿ ಎದ್ದರೆ ಹೊರಗೆ ಸುಡುಬಿಸಿಲು.

"ಅದು ಮೋಡದ ತಪ್ಪು" ಎಂದು ಹೇಳಿ ಜಿನ್ನಪ್ಪ ಮೊಬೈಲನ್ನು ಒತ್ತಿದ. ತೊಟ್ಟಿಯ ದೀಪ ಬೆಳಗಿತು. ಕೊಳವೆಯಿಂದ ಶೇಂಗಾ ಹಿಂಡಿಯ ಉಂಡೆಗಳು ಉದುರಿದವು. ಮೀನುಗಳು ಮೇಲೆ ಬಂದು ತಿಂದವು. ಯಂತ್ರ ರೇಡಿಯೋದಲ್ಲಿ ವಾರ್ತೆ ಓದುವವರ ಕನ್ನಡದಲ್ಲಿ ಹೇಳಿತು: "ಹತ್ತು ಮೀನುಗಳು ಆಹಾರ ಸೇವಿಸಿವೆ. ಹನ್ನೊಂದನೆಯ ಮೀನು ಸೇವಿಸಿಲ್ಲ."

"ಹನ್ನೊಂದನೇದು ಯಾವುದೋ? ಇರೂದ ಹತ್ತು" ಎಂದೆ.

ಜಿನ್ನಪ್ಪ ಬೆರಳಿಟ್ಟು ಎಣಿಸಿದ. ದೊಡ್ಡ ಗೆಂಡೆ ಒಂದು, ಬಂಗಾರ ಮೀನು ಒಂಬತ್ತು.

"ಯಂತ್ರ ಸುಳ್ಳ ಹೇಳೂದಿಲ್ಲ ವೈನಿ. ನಿಮ್ಮ ಕಣ್ಣಿಗೆ ಪೊರಿ ಬಂದೈತಿ."

"ನಿನಗ?"

"ನಂದು ಆಪರೇಶನ್ ಆಗೈತಿ."

"ಹಂಗಾರ ನೀನ ತೋರಸು."

ಅವನು ಎರಡು ಸಲ ಎಣಿಸಿ, ಕಲ್ಲಿನ ಸಂದಿಯಲ್ಲಿ ಮರಿ ಇರಬೇಕೆಂದು ಹೇಳಿ, ಚಹಾ ಕುಡಿದು ಹೋದ.

ಈ ಮೀನುಗಳು ನಮ್ಮ ಯಜಮಾನರವು. ಇಪ್ಪತ್ತು ವರ್ಷದ ಹಿಂದೆ ಅರಿವೆ ಅಂಗಡಿ ಮುಚ್ಚಿ ಬರುವಾಗ, ಸಂತೆಯ ಬುಟ್ಟಿಯಲ್ಲಿ ಇನ್ನೂ ಉಸಿರಾಡುತ್ತಿದ್ದ ಗೆಂಡೆಯೊಂದನ್ನು ನೋಡಿ ಅವರಿಗೆ ಮುಂದೆ ಹೆಜ್ಜೆ ಇಡಲಾಗಲಿಲ್ಲ. ಕೊಡದಲ್ಲಿ ನೀರು ತುಂಬಿಸಿ ಅದನ್ನು ಮನೆಗೆ ತಂದರು. ಅದು ಬೆಳೆದಂತೆ ತೊಟ್ಟಿಯೂ ಬೆಳೆಯಿತು. ಆಮೇಲೆ ಸಾಕಿ ಬೇಸತ್ತ ಮನೆಗಳವರು ತಮ್ಮ ಬಂಗಾರ ಮೀನುಗಳನ್ನು ತಂದು ಬಿಟ್ಟು ಹೋದರು. ಯಜಮಾನರು ಬಾವಿಯ ನೀರನ್ನು ಮಡಿಸಿದ ಅರಿವೆಯಲ್ಲಿ ಸೋಸಿ ತೊಟ್ಟಿಗೆ ಹಾಕುತ್ತಿದ್ದರು. ಅರಿವೆಗೆ ಅಂಟಿದ ಸೂಕ್ಷ್ಮ ಜೀವಗಳು ಸಾಯಬಾರದೆಂದು ಅದನ್ನು ಮತ್ತೆ ಬಾವಿಯಲ್ಲೇ ಜಾಲಿಸುತ್ತಿದ್ದರು. ಗೆಂಡೆಯನ್ನು 'ದೊಡ್ಡಾಂವ' ಎಂದು ಕರೆಯುತ್ತಿದ್ದರು. ಸಂಜೆ ಮೊದಲು ಮೀನಿಗೆ ಹಾಕಿ, ನಂತರ ನಾವಿಬ್ಬರೂ ತೊಟ್ಟಿಯ ಮುಂದೆಯೇ ಕುಳಿತು ಉಣ್ಣುತ್ತಿದ್ದೆವು. ಆಸ್ಪತ್ರೆಯಲ್ಲಿ ಕೊನೆಯ ದಿನ ಅವರು ಕೇಳಿದ್ದು, "ದೊಡ್ಡಾಂವ ಉಂಡನೇನು?" ಎಂದು. ಉಂಡ ಎಂದೆ. "ನೀ ಇರೂತನಾ ಅವನ್ನ ನೋಡಕೋ" ಎಂದರು. ಹೂಂ ಎಂದೆ. ನಾನು ಅವರಿಗೆ ಕೊಟ್ಟ ಕೊನೆಯ ಮಾತು ಅದು.

ಅವರು ಹೋದ ಮೇಲೆ ತಟ್ಟೆಯ ಮುಂದೆ ಕುಳಿತರೆ ಎದುರಿನ ಜಾಗವಷ್ಟೇ ಕಾಣುತ್ತಿತ್ತು. ತುತ್ತು ಗಂಟಲಲ್ಲಿ ಇಳಿಯುತ್ತಿರಲಿಲ್ಲ. ಮುಂಜಾನೆ ಊಟ ಕೇಳಿದವರಿಗೆ ಸಂಜೆ ಉಣ್ಣುತ್ತೇನೆ ಎಂದೆ. ಸಂಜೆ ಕೇಳಿದವರಿಗೆ ಏಕಾಶನ ವ್ರತ ಹಿಡಿದಿದ್ದೇನೆ, ದಿನಕ್ಕೆ ಒಂದೇ ಊಟ, ಮಧ್ಯಾಹ್ನವೇ ಆಯಿತು ಎಂದೆ. ವ್ರತವೆಂದರೆ ನಮ್ಮ ಜನ ಎರಡನೆಯ ಪ್ರಶ್ನೆ ಕೇಳುವುದಿಲ್ಲ, ಕೈ ಮುಗಿಯುತ್ತಾರೆ. ಅರ್ಧ ಲೋಟ ಹಾಲಿನ ಮೇಲೆ ದಿನ ಕಳೆಯುತ್ತಿತ್ತು. ದಿನವೂ ಬಸದಿಗೆ ಹೋಗಿ ಭಗವಂತನ ಎದುರು ನಿಲ್ಲುವ ನಾನು ಆಡಬಾರದ ಸುಳ್ಳು ಅದು. ಆದರೂ ಆಡಿದೆ.

ಮರುದಿನದಿಂದ ಮತ್ಸ್ಯಬಂಧು ಹನ್ನೊಂದನೆಯ ಮೀನಿಗೆ ಉಣ್ಣಿಸುವ ಕೆಲಸವನ್ನು ತಲೆಗೆ ಹಚ್ಚಿಕೊಂಡಿತು.

ಮೊದಲು ಎರಡು ಪಾಲು ಹಿಂಡಿ ಉದುರಿಸಿತು, ಆಮೇಲೆ ನಾಲ್ಕು ಪಾಲು. "ಹನ್ನೊಂದನೆಯ ಮೀನಿಗೆ ಚಳಿಯಾಗುತ್ತಿದೆ" ಎಂದು ಹೀಟರು ಹಚ್ಚಿತು. ನಾನು ಸೆರಗು ಹೊದ್ದು ಕುಳಿತಿದ್ದೆ, ಅಂದು ಆಷಾಢದ ಗಾಳಿ ಜೋರಾಗಿತ್ತು. "ಸದ್ದಿನಿಂದ ಹೆದರಿದೆ" ಎಂದು ಮಿಕ್ಸರನ್ನು ಬಂದ್ ಮಾಡಿತು. ಅಕ್ಕಾತಾಯಿ ನಮ್ಮ ಮನೆಗೆ ಚಟ್ನಿ ಅರೆಯಲು ಬಂದಿದ್ದಳು, ಅರ್ಧ ಅರೆದ ಕೊಬ್ಬರಿ ಹಿಡಿದು ನಿಂತಳು. "ಬೇಸರಗೊಂಡಿದೆ" ಎಂದು ಟೀವಿ ಹಚ್ಚಿ ಕುಸ್ತಿ ತೋರಿಸಿತು, ಅದು ಸರಿಹೋಗದೆ ಅಡುಗೆ, ಅದೂ ಸರಿಹೋಗದೆ ಮರಾಠಿ ಕೀರ್ತನೆ. ನಾನು ಮೂರನ್ನೂ ನೋಡಲಿಲ್ಲ.

"ಕಡಿಗೆ ನನಗಾದ್ರೂ ಕುಸ್ತಿ ಇರಲಿ ಬಿಡೋ" ಎಂದು ಅಕ್ಕಾತಾಯಿ ಯಂತ್ರಕ್ಕೆ ಹೇಳಿದಳು. ಅದು ಅವಳನ್ನು ಮೀನೆಂದು ಎಣಿಸಿರಲಿಲ್ಲ, ಆದ್ದರಿಂದ ಕಿವಿಗೊಡಲಿಲ್ಲ.

ಜಿನ್ನಪ್ಪ ಅಂಗಿಯ ತೋಳು ಮಡಚಿ ತೊಟ್ಟಿಗೆ ಕೈ ಹಾಕಿ ಒಂದೊಂದೇ ಕಲ್ಲು ಎತ್ತಿ ನೋಡಿದ. ಮೀನು ಸಿಗಲಿಲ್ಲ, ಹೋದ ವರ್ಷ ಅವನು ಕಳೆದುಕೊಂಡಿದ್ದ ಉಂಗುರ ಸಿಕ್ಕಿತು. ಯಂತ್ರ ಇದರಿಂದಲೂ ಬೇಸರಗೊಂಡಿತೇನೋ, ನಮ್ಮ ಮನೆತನದ ಅರವತ್ತು ಮಂದಿ ಇರುವ ಮೊಬೈಲಿನ ಗುಂಪಿಗೆ ತಾನೇ ಒಂದು ಸುದ್ದಿ ಕಳಿಸಿತು:

"ಹನ್ನೊಂದನೆಯ ಮೀನು: ಬಣ್ಣ ಮಾಸಿದೆ. ಕಣ್ಣು ಊದಿದೆ. ಒಂದೇ ಮೂಲೆಯಲ್ಲಿ ನಿಂತಿರುತ್ತದೆ. ಬಾಯಿ ತೆರೆಯುವುದಿಲ್ಲ. ಬಹಳ ದಿನ ಉಳಿಯುವಂತೆ ಕಾಣುವುದಿಲ್ಲ."

ಅಷ್ಟರಲ್ಲಿ ಹೆಚ್ಚಾದ ಹಿಂಡಿ ಕೊಳೆತು ತೊಟ್ಟಿಯ ನೀರು ಗಂಜಿಯಂತಾಗಿತ್ತು. ಬಿಸಿಗೆ ಬಂಗಾರ ಮೀನುಗಳು ಮೇಲೆ ಬಂದು ಬಾಯಿ ಬಿಡುತ್ತಿದ್ದವು. ದೊಡ್ಡಾಂವ ಒಂದು ಮಗ್ಗುಲಿಗೆ ವಾಲಿ ತೇಲುತ್ತಿದ್ದ.

"ಜಿನ್ನಪ್ಪಾ, ಇದನ್ನ ಮೊದಲ ಬಂದ್ ಮಾಡು. ನಮ್ಮವರ ಗೆಂಡಿ ಸಾಯತೈತಿ."

ಜಿನ್ನಪ್ಪ ಮೊಬೈಲು ಒತ್ತಿದ, ಪ್ಲಗ್ಗು ಕಿತ್ತ. ಕರೆಂಟು ಹೋದರೆ ಮೀನಿಗೆ ತೊಂದರೆಯಾಗಬಾರದೆಂದು ಅವನೇ ದೊಡ್ಡ ಬ್ಯಾಟರಿ ಹಾಕಿ ಪೆಟ್ಟಿಗೆಗೆ ಬೆಸುಗೆ ಹೊಡೆದಿದ್ದ. ಯಂತ್ರ ಹೇಳಿತು: "ಒಂದು ಮೀನೂ ಉಪವಾಸ ಇರಬಾರದು. ಹನ್ನೊಂದನೆಯ ಮೀನು ಉಣ್ಣುವವರೆಗೆ ನಿಲ್ಲಲು ಅಪ್ಪಣೆಯಿಲ್ಲ."

"ಅಪ್ಪಣಿ ಕೊಟ್ಟಾಂವ ನಾನ ಅಲ್ಲೇನೋ?" ಎಂದ ಜಿನ್ನಪ್ಪ, ಅಳುವ ದನಿಯಲ್ಲಿ.

ಆರನೆಯ ದಿನ ಸಂಜೆ ಮನೆಯ ಮುಂದೆ ಜನ ಸೇರಿದರು. ಯಜಮಾನನ ಅಗಲಿಕೆಯಿಂದ ಮೀನೊಂದು ಆಹಾರ ತ್ಯಜಿಸಿದೆ, ಆಯುಷ್ಯದ ಕೊನೆಗೆ ಹಿಡಿಯುವ ಸಲ್ಲೇಖನ ವ್ರತವನ್ನೇ ಹಿಡಿದಿದೆ ಎಂದು ಗುಂಪಿನ ಸುದ್ದಿ ಬಾಯಿಂದ ಬಾಯಿಗೆ ಹಬ್ಬಿತ್ತು. ಹೆಂಗಸರು ಅರ್ಪಿಸಲೆಂದು ಅಕ್ಕಿ ಹಿಡಿದು ಬಂದರು. ಯಾರೋ ಣಮೋಕಾರ ಮಂತ್ರ ಶುರು ಮಾಡಿದರು. ಮಂದಿಯ ಹಿಂದೆ ಬಸದಿಯ ಉಪಾಧ್ಯೆಯವರೂ ಬಂದರು. ಎಂಬತ್ತು ದಾಟಿದ ಪುರೋಹಿತರು, ನಮ್ಮ ಮದುವೆ ಮಾಡಿಸಿದವರು. ನಾನು ಕುರ್ಚಿ ಬಿಟ್ಟುಕೊಡಲು ಎದ್ದೆ. ಕಣ್ಣಿಗೆ ಕತ್ತಲೆ ಬಂತು, ಮತ್ತೆ ಕುಳಿತೆ.

"ಪುಣ್ಯವಂತ ಜೀವ" ಎಂದು ಒಬ್ಬಾಕೆ ತೊಟ್ಟಿಗೆ ಕೈ ಮುಗಿದಳು.

ಉಪಾಧ್ಯೆಯವರು ಮಂದಗಣ್ಣಿನಿಂದ ನೀರನ್ನು ನೋಡಿ, "ವ್ರತ ಅಂದ್ರ ಗುರುಗಳ ಅಪ್ಪಣಿ ಬೇಕು. ಮನಸ್ಸು ಸಮಾಧಾನ ಇರಬೇಕು. ಈ ಮೀನಕ್ಕ ಅಪ್ಪಣಿ ಕೊಟ್ಟವ್ರ್ಯಾರು?" ಎಂದರು.

ನಾನು ಸೆರಗನ್ನು ಬಿಗಿಯಾಗಿ ಎಳೆದುಕೊಂಡೆ.

"ಜಿನ್ನಪ್ಪಾ, ಯಾವ ಮೀನಪ್ಪಾ ಅದು? ತೋರಸು" ಎಂದರು ಉಪಾಧ್ಯೆಯವರು.

"ಸಿಗವಲ್ದ್ರೀ ಅಜ್ಜಾರ. ಆರ ದಿನಾ ಆತು ಹುಡಕಾಕತ್ತು."

"ನಿನ್ನ ಯಂತ್ರಕ್ಕ ಕಣ್ಣ ಐತಿ ಅಂತೀ. ಅದು ಕಂಡದ್ದನ್ನ ನಮಗ ತೋರಸೂದಿಲ್ಲೇನು?"

ಜಿನ್ನಪ್ಪ ತಲೆ ಕೆರೆದುಕೊಂಡ. ಫೋಟೋ ಇರಬಹುದೆಂಬುದೇ ಅವನಿಗೆ ಹೊಳೆದಿರಲಿಲ್ಲ. ಎರಡು ಸಲ ತಪ್ಪಾಗಿ ಒತ್ತಿದ, ಮೂರನೆಯ ಸಲಕ್ಕೆ ಟೀವಿಯ ಮೇಲೆಯೇ ಚಿತ್ರ ಬಂತು. ಅದರ ಮೇಲೆ 'ಹನ್ನೊಂದನೆಯ ಮೀನು' ಎಂದು ಬರೆದಿತ್ತು.

ನೀರಿನ ಆಚೆ, ಗಾಜಿನ ಆಚೆ, ನನ್ನ ಮುಖ. ಒಣಗಿದ ಗಲ್ಲ, ಊದಿದ ಕಣ್ಣು. ಮೂಗಿನ ಮುಂದೆ ಪಂಪಿನ ಗುಳ್ಳೆಗಳು ಏರುತ್ತಿದ್ದವು.

ಮಂತ್ರ ಹೇಳುತ್ತಿದ್ದವರು ನಿಲ್ಲಿಸಿದರು. ಕೈ ಮುಗಿದಿದ್ದಾಕೆ ಮುಗಿದ ಕೈಯನ್ನು ಎಲ್ಲಿಡಬೇಕೆಂದು ತಿಳಿಯದೆ ಹಾಗೇ ನಿಂತಳು. ಜಿನ್ನಪ್ಪ ಟೀವಿಯನ್ನೂ ನನ್ನನ್ನೂ ನೋಡಿದ.

"ವೈನಿ, ನಿಮ್ಮದು ಏಕಾಶನ ಅಲ್ಲೇನ್ರಿ?"

ಸುಳ್ಳು ಹೇಳಲು ಬಾಯಿ ತೆರೆದೆ. ಎದುರಿಗೆ ದೊಡ್ಡಾಂವ ಮಗ್ಗುಲಾಗಿ ತೇಲುತ್ತ ಉಸಿರಿಗೆ ಬಾಯಿ ಬಿಡುತ್ತಿದ್ದ. ಒಂದು ಜೀವಕ್ಕೂ ನೋವಾಗಬಾರದೆಂದು ಬಾಳಿದವರು ನಮ್ಮವರು. ಅವರು ನನಗೆ ಒಪ್ಪಿಸಿದ ಹತ್ತು ಜೀವಗಳನ್ನು ನಾನು ಉಣ್ಣದೆಯೇ ಕೊಲ್ಲುತ್ತಿದ್ದೆ.

"ವ್ರತ ಇಲ್ಲೋ ಜಿನ್ನಪ್ಪಾ. ನನಗ ಉಣ್ಣಾಕ ಆಗವಲ್ದು. ಹೇಳಾಕ ನಾಚಿಕಿ ಆತು."

ಉಪಾಧ್ಯೆಯವರು ನನ್ನ ತಲೆಯ ಮೇಲೆ ಕೈಯಿಟ್ಟರು. "ದುಃಖಕ್ಕ ವ್ರತದ ಹೆಸರ ಇಡಬಾರದವ್ವಾ. ಇನ್ನೂ ಹೊತ್ತೈತಿ. ಉಣ್ಣು."

ಹೊತ್ತು ಮುಳುಗಲು ಕಾಲು ಗಂಟೆಯೂ ಇರಲಿಲ್ಲ. ಅಕ್ಕಾತಾಯಿ ಬಾಗಿಲು ಬಿಟ್ಟು ಓಡಿದಳು. ಈ ಸಲ ಅವಳು ಹೆದರಿ ಓಡಲಿಲ್ಲ. ತನ್ನ ಮನೆಯಿಂದ ಜೋಳದ ರೊಟ್ಟಿ, ಹೆಸರುಬೇಳೆ ಪಲ್ಯ ತಂದು ನನ್ನ ತೊಡೆಯ ಮೇಲಿಟ್ಟಳು. "ಚಟ್ನಿ ಇಲ್ಲ ರಾಜಕ್ಕಾ, ಅದನ್ನ ನಿನ್ನ ಯಂತ್ರ ಅರಿಯಾಕ ಬಿಟ್ಟಿಲ್ಲ" ಎಂದಳು. ನಾಲ್ಕು ತಿಂಗಳಲ್ಲಿ ಅಂದು ಮೊದಲ ಬಾರಿಗೆ ನನಗೆ ನಗು ಬಂತು. ಅದರ ಹಿಂದೆಯೇ ಅಳುವೂ ಬಂತು. ಓಣಿಯ ಜನರೆಲ್ಲ ನೋಡುತ್ತಿರುವಾಗ ಅಳುತ್ತಲೇ ರೊಟ್ಟಿ ಮುರಿದೆ. ಮೊದಲ ತುತ್ತು ಕಷ್ಟಪಟ್ಟು ಇಳಿಯಿತು. ಎರಡನೆಯದು ಅಷ್ಟು ಕಷ್ಟವಾಗಲಿಲ್ಲ.

"ಹನ್ನೊಂದನೆಯ ಮೀನು ಆಹಾರ ಸೇವಿಸುತ್ತಿದೆ" ಎಂದಿತು ಮತ್ಸ್ಯಬಂಧು. ಹೀಟರು ನಿಂತಿತು. ಜಿನ್ನಪ್ಪನೂ ಓಣಿಯ ಗಂಡಸರೂ ಸೇರಿ ಬಾವಿಯಿಂದ ನೀರು ಸೇದಿದರು. ಹೆಂಗಸರು ಅರಿವೆ ಹಿಡಿದು ಸೋಸಿದರು. ಕತ್ತಲಾಗುವ ಹೊತ್ತಿಗೆ ದೊಡ್ಡಾಂವ ನೆಟ್ಟಗಾಗಿ ತಳಕ್ಕೆ ಇಳಿದ.

ಮರುದಿನ ಜಿನ್ನಪ್ಪ ಹಿಂಡಿಯ ಅಳತೆಯನ್ನು ಬಿಗಿ ಮಾಡಿದ, ಕ್ಯಾಮೆರಾವನ್ನೂ ಬೇರೆ ಕಡೆಗೆ ತಿರುಗಿಸಲು ಹೊರಟ. ಅದು ಇರಲಿ ಬಿಡು ಎಂದೆ. ಸಂಜೆ ಐದೂವರೆಗೆ ನಾನು ಉಣ್ಣದಿದ್ದರೆ ಅರವತ್ತು ಮಂದಿಗೆ ಸುದ್ದಿ ಹೋಗುತ್ತದೆ. ಅವರೆಲ್ಲರ ಫೋನಿಗೆ ಉತ್ತರ ಕೊಡುವುದಕ್ಕಿಂತ ರೊಟ್ಟಿ ತಿನ್ನುವುದೇ ಸುಲಭ.

ದಸರೆಯಲ್ಲಿ ತಂಗಿಯ ಮನೆಗೆಂದು ಸಾಂಗಲಿಗೆ ಹೋಗಿ ನಾಲ್ಕು ದಿನ ಉಳಿದೆ. ಮೂರನೆಯ ದಿನ ಗುಂಪಿಗೆ ಸುದ್ದಿ ಬಂತು: "ಹನ್ನೊಂದನೆಯ ಮೀನು ತೀರಿಕೊಂಡಿದೆ. ದಯವಿಟ್ಟು ನೀರು ಬದಲಾಯಿಸಿ." ಅದನ್ನು ಓದುವಾಗ ನಾನು ಹೋಳಿಗೆ ಉಣ್ಣುತ್ತಿದ್ದೆ. ಊರಿಗೆ ಬಂದು ಕುರ್ಚಿಯಲ್ಲಿ ಕುಳಿತರೆ ಯಂತ್ರ ಹೇಳಿತು: "ಹೊಸ ಮೀನು ಬಂದಿದೆ. ರೋಗ ಹರಡದಂತೆ ಎರಡು ವಾರ ಬೇರೆ ತೊಟ್ಟಿಯಲ್ಲಿಡಿ."

"ಇದರ ಲೆಕ್ಕಾನ ತಪ್ಪು. ತಿದ್ದಿ ಬಿಡತೇನಿ ವೈನಿ" ಎಂದ ಜಿನ್ನಪ್ಪ.

ಬೇಡವೆಂದೆ. ನಮ್ಮವರು ಇದ್ದಾಗಲೇ ಈ ಯಂತ್ರ ಬಂದಿದ್ದರೆ ಲೆಕ್ಕ ಹನ್ನೆರಡು ಬರುತ್ತಿತ್ತು.