ನಾಲ್ಕನೇ ಕೋಣೆಯ ದೊಡ್ಡಮ್ಮನಿಗೊಂದು ಹೀಟರ್

ಮೃಗಾಲಯದ ಪದನಿರ್ಣಯ ಸಮಿತಿಯ ಘನ ಅಧ್ಯಕ್ಷರ ಸನ್ನಿಧಿಗೆ,

ಮಾನ್ಯರೇ,

ಯಾವ ಪದಕ್ಕೆ ಮಾನ್ಯತೆ ಉಂಟು, ಯಾವುದಕ್ಕೆ ಇಲ್ಲ ಎಂದು ತೀರ್ಮಾನಿಸುವವರು ತಾವೇ ಆಗಿರುವುದರಿಂದ, ತಮ್ಮನ್ನು ‘ಮಾನ್ಯರೇ’ ಎಂದು ಕರೆಯುವ ಮೊದಲು ಆ ಪದ ತಮ್ಮ ಪಟ್ಟಿಯಲ್ಲಿದೆಯೇ ಎಂದು ಎರಡೆರಡು ಬಾರಿ ನೋಡಿಕೊಂಡಿದ್ದೇನೆ. ಇದೆ. ಎಂಬತ್ತಾರನೆಯ ಪುಟದಲ್ಲಿ, ‘ಮಾನ’ಕ್ಕೂ ‘ಮಾಪನ’ಕ್ಕೂ ನಡುವೆ. ಆದ್ದರಿಂದ ಧೈರ್ಯವಾಗಿ ತಮಗೂ, ತಮ್ಮ ಆರು ಮಂದಿ ಸದಸ್ಯರಿಗೂ, ತಮ್ಮ ಸಭಾಕೋಣೆಯಲ್ಲಿ ಹಗಲಿಡೀ ಉರಿಯುವ ಎರಡು ಹೀಟರುಗಳಿಗೂ ನನ್ನ ನಮಸ್ಕಾರಗಳನ್ನು ಅರ್ಪಿಸುತ್ತೇನೆ.

ನಾನು ಇದೇ ಮೃಗಾಲಯದಲ್ಲಿ ಇಪ್ಪತ್ತಮೂರು ವರ್ಷಗಳಿಂದ ಹಾವುಗಳನ್ನು ನೋಡಿಕೊಳ್ಳುತ್ತಿರುವವನು. ತಾವು ನನ್ನನ್ನು ಒಮ್ಮೆ ಕಂಡಿದ್ದೀರಿ. ಹತ್ತನೆಯ ಸಭೆಯಲ್ಲಿ ಟೋಪಿ ಕೈಯಲ್ಲಿ ಹಿಡಿದು ಬಾಗಿಲ ಪಕ್ಕ ನಿಂತಿದ್ದವನು ನಾನೇ. ಈ ಪತ್ರವನ್ನು ಲಕೋಟೆಗೆ ಹಾಕದೆ ಹೆಬ್ಬಾಗಿಲಿನ ಫಲಕಕ್ಕೆ ಅಂಟಿಸುತ್ತಿರುವುದಕ್ಕೆ ಕ್ಷಮೆಯಿರಲಿ. ಲಕೋಟೆಯಲ್ಲಿ ಕಳಿಸಿದ ಹಿಂದಿನ ನಾಲ್ಕು ಪತ್ರಗಳು ನಾನು ಅಂಟಿಸಿದ ಅಂಟು ಬಿಡದೆ, ಹೋದ ಹಾಗೆಯೇ ನನ್ನ ಕೈಗೆ ವಾಪಸು ಬಂದವು.

ಮೊದಲಿಗೆ ಅಭಿನಂದನೆ. ನಾನು ಕೆಲಸಕ್ಕೆ ಸೇರಿದಾಗಿನಿಂದ ನಮ್ಮ ಕಟ್ಟಡದ ಮೇಲೆ ‘ಹಾವಿನ ಮನೆ’ ಎಂಬ ಬೋರ್ಡು ಇತ್ತು. ಓದಲು ಬರುವ ಮಕ್ಕಳು ಓದಿ, ಬಾರದ ಮಕ್ಕಳು ಪಕ್ಕದ ಚಿತ್ರ ನೋಡಿ, ಎಲ್ಲರೂ ನೇರವಾಗಿ ಒಳಗೆ ಬಂದುಬಿಡುತ್ತಿದ್ದರು. ಇಷ್ಟು ಸಲೀಸಾಗಿ ಅರ್ಥವಾಗುವ ಮಾತು ಒಂದು ಸಂಸ್ಥೆಯ ಘನತೆಗೆ ತಕ್ಕದ್ದಲ್ಲವೆಂದು ಮೊದಲು ಗುರುತಿಸಿದವರು ತಾವು. ಒಳಗೆ ಆಮೆ, ಉಡ, ಮೊಸಳೆಮರಿಗಳೂ ಇರುವಾಗ ಬರೀ ಹಾವಿನ ಹೆಸರು ಹೇಳುವುದು ಉಳಿದವರಿಗೆ ಮಾಡಿದ ಅನ್ಯಾಯವೆಂದೂ ತಾವು ಹೇಳಿದಿರಿ. ಎಂಟು ಸಭೆಗಳು ನಡೆದವು. ‘ಉರಗಾಲಯ’ ಬಂತು, ಕಾಲಿರುವವರಿಗೆ ಹೊಂದುವುದಿಲ್ಲವೆಂದು ಹೋಯಿತು. ‘ನಾಗಭವನ’ ಬಂತು, ಜನ ಬಾಡಿಗೆಗೆ ರೂಮು ಕೇಳಿಕೊಂಡು ಬಂದಾರೆಂದು ಹೋಯಿತು. ‘ಸರ್ಪಶಾಲೆ’ ಅರ್ಧ ದಿನ ಗಟ್ಟಿಯಾಗಿ ನಿಂತಿತ್ತು, ಊಟ ಮುಗಿಸಿ ಬರುವಷ್ಟರಲ್ಲಿ ಅದನ್ನು ಸೂಚಿಸಿದವರು ಯಾರೆಂಬುದೇ ಮರೆತುಹೋಗಿತ್ತು. ಕೊನೆಗೆ ಒಂಬತ್ತನೆಯ ಸಭೆಯಲ್ಲಿ ‘ಸರೀಸೃಪಾಗಾರ’ ಅವತರಿಸಿತು.

ಅಂದಿನಿಂದ ಟಿಕೆಟ್ ಕಿಟಕಿಯ ಅಕ್ಕ, ಹಾವಿನ ಮನೆ ಎಲ್ಲಿ ಎಂದು ಕೇಳಿದವರಿಗೆಲ್ಲ ತಮ್ಮ ಸುತ್ತೋಲೆಯಲ್ಲಿರುವಂತೆ ‘ಸರೀಸೃಪಾಗಾರವು ಬಲಭಾಗದಲ್ಲಿದೆ’ ಎಂದು ಚಾಚೂ ತಪ್ಪದೆ ಹೇಳುತ್ತಾರೆ. ಕೇಳಿದವರು ಪಿಳಿಪಿಳಿ ನೋಡುತ್ತಾರೆ. ಆಮೇಲೆ ಅಕ್ಕ ಕಿಟಕಿಯಿಂದ ಕೈ ಹೊರಗೆ ಹಾಕಿ ಬೆರಳು ತೋರಿಸುತ್ತಾರೆ. ಬೆರಳಿನ ಬಳಕೆಗೆ ಸಮಿತಿಯ ಒಪ್ಪಿಗೆ ಇನ್ನೂ ಸಿಕ್ಕಿಲ್ಲವೆಂಬುದು ಆಕೆಗೆ ತಿಳಿಯದು. ದಯವಿಟ್ಟು ಕ್ರಮ ಜರುಗಿಸಬೇಡಿ.

ಪದ ಸಿಕ್ಕಿತು, ಇನ್ನು ಅದಕ್ಕೆ ಅರ್ಥ ಬೇಕಲ್ಲವೇ? ಅದಕ್ಕಾಗಿಯೇ ಹತ್ತನೆಯ ಸಭೆಗೆ ನನ್ನನ್ನು ‘ತಜ್ಞ’ ಎಂದು ಕರೆಸಿದಿರಿ. ಇಪ್ಪತ್ತಮೂರು ವರ್ಷಗಳಲ್ಲಿ ಯಾರೂ ನನ್ನನ್ನು ಹಾಗೆ ಕರೆದಿರಲಿಲ್ಲ, ನಾನು ಉಬ್ಬಿಹೋದೆ. ತಾವು ಬರೆದಿಟ್ಟಿದ್ದ ಅರ್ಥವನ್ನು ಓದಿ ಹೇಳಿದಿರಿ: ಒಂದಾದರೂ ಜೀವಂತ ಸರೀಸೃಪವು ವಾಸವಾಗಿರುವ, ನಾಲ್ಕೂ ಕಡೆ ಮುಚ್ಚಿದ, ಒಂದು ಕಡೆಯಾದರೂ ಗಾಜುಳ್ಳ, ನೀರಿನ ಪಾತ್ರೆಯಿರುವ, ಹೊರಗಿನಿಂದ ಚಿಲಕ ಹಾಕಬಹುದಾದ ಕೋಣೆ. ನಾನು ಸುಮ್ಮನೆ ತಲೆಯಾಡಿಸಿ ಬರಬಹುದಿತ್ತು. ಬರಲಿಲ್ಲ. ‘ಸದಾ ಬಿಸಿಯಾಗಿರುವ’ ಎಂದು ಸೇರಿಸಿ ಸ್ವಾಮಿ, ಇವುಗಳ ಮೈಯಲ್ಲಿ ಸ್ವಂತ ಬಿಸಿ ಇಲ್ಲ, ಹೊರಗಿನ ಬಿಸಿಯಿಲ್ಲದೆ ಉಣ್ಣಲಾರವು, ಉಂಡದ್ದು ಅರಗದು ಎಂದು ಬೇಡಿಕೊಂಡೆ. ಅರ್ಥದಲ್ಲೇ ಬಿಸಿ ಇದ್ದುಬಿಟ್ಟರೆ ಮುಂದೆ ಯಾವ ಅಧಿಕಾರಿಯೂ ಬಿಸಿಯಿಲ್ಲದ ಕೋಣೆ ಕಟ್ಟಿಸಲಾರನೆಂಬುದು ನನ್ನ ಲೆಕ್ಕಾಚಾರ. ತಾವು ದೊಡ್ಡ ಮನಸ್ಸು ಮಾಡಿ ಸೇರಿಸಿದಿರಿ, ಎಲ್ಲರೂ ಮೇಜು ಕುಟ್ಟಿದರು. ಸಂಜೆ ಮನೆಗೆ ಹೋಗಿ ಹೆಂಡತಿಗೆ ಜಂಭದಿಂದ ಹೇಳಿದೆ. ಆಕೆ ಬಟ್ಟೆ ಮಡಿಸುತ್ತ, “ಪುಸ್ತಕದಲ್ಲಿ ಬರೆದ್ಬಿಟ್ರೆ ಕೋಣೆ ಬೆಚ್ಚಗಾಗುತ್ತಾ?” ಎಂದಳು. ಆಕೆಗೆ ಆಡಳಿತದ ಸೂಕ್ಷ್ಮಗಳು ತಿಳಿಯವೆಂದು ನಾನು ನಕ್ಕುಬಿಟ್ಟೆ.

ಹೋದ ವಾರದ ಸೋಮವಾರ ನಾಲ್ಕನೇ ಕೋಣೆಯ ಹೀಟರ್ ಸುಟ್ಟುಹೋಯಿತು.

ಆ ಕೋಣೆಯಲ್ಲಿರುವುದು ಮೂವತ್ತೊಂದು ವರ್ಷದ ಹೆಣ್ಣು ಹೆಬ್ಬಾವು. ನಾವೆಲ್ಲ ಆಕೆಯನ್ನು ದೊಡ್ಡಮ್ಮ ಎನ್ನುತ್ತೇವೆ. ನನಗಿಂತ ಮೊದಲೇ ಕೆಲಸಕ್ಕೆ ಸೇರಿದವಳು, ಒಂದು ದಿನ ರಜೆ ಹಾಕಿದವಳಲ್ಲ. ಹಿಂದಿನ ದಿನ, ಅಂದರೆ ಭಾನುವಾರ, ಒಂದು ಮೊಲ ನುಂಗಿ ನೆಮ್ಮದಿಯಾಗಿ ಸುರುಳಿ ಸುತ್ತಿ ಮಲಗಿದ್ದಳು. ಹೊಟ್ಟೆ ತುಂಬಿದ ಹಾವಿಗೆ ಚಳಿ ತಾಗಿದರೆ ಒಳಗಿನದು ಒಳಗೇ ಕೊಳೆಯುತ್ತದೆ. ನಾನು ಓಡಿಹೋಗಿ ‘ಹಾವಿನ ಮನೆಯ ನಾಲ್ಕನೇ ಕೋಣೆಗೆ ಒಂದು ಹೀಟರ್ ಬೇಕು’ ಎಂದು ಚೀಟಿ ಬರೆದುಕೊಟ್ಟೆ. ಮಂಗಳವಾರ ಬೆಳಿಗ್ಗೆ ಅದು ‘ಹಾವಿನ ಮನೆ’ಯ ಕೆಳಗೆ ಎರಡು ಕೆಂಪು ಗೆರೆ ಎಳೆಸಿಕೊಂಡು ವಾಪಸು ಬಂತು. ತಪ್ಪು ನನ್ನದೇ. ಗಾಬರಿಯಲ್ಲಿ ಮನುಷ್ಯನ ಬಾಯಿಗೆ ಹಳೆಯ ಪದಗಳೇ ಬರುತ್ತವೆ.

ಸರಿ, ‘ಸರೀಸೃಪಾಗಾರ’ ಎಂದು ವಟ್ರಸುಳಿ ದೀರ್ಘಗಳೊಂದಿಗೆ ಮತ್ತೆ ಬರೆದೆ. ಸ್ಟೋರಿನವರು ನನ್ನ ಹಳೆಯ ಸ್ನೇಹಿತರು, ಒಳ್ಳೆಯ ಮನುಷ್ಯ. ತಮ್ಮ ಸುತ್ತೋಲೆಯ ಪ್ರಕಾರ ಸಾಮಾನು ಕೊಡುವ ಮೊದಲು ಪದಕ್ಕೂ ಜಾಗಕ್ಕೂ ತಾಳೆಯಾಗುತ್ತದೆಯೇ ಎಂದು ನೋಡಬೇಕಾದ್ದರಿಂದ, ಬುಧವಾರ ಥರ್ಮಾಮೀಟರ್ ಹಿಡಿದು ಬಂದರು. ಜೀವಂತ ಸರೀಸೃಪ, ಇದೆ. ಗಾಜು, ಇದೆ. ನೀರು, ಇದೆ. ಚಿಲಕ, ಇದೆ. ಬಿಸಿ, ಹದಿನೆಂಟು ಡಿಗ್ರಿ. ಅವರು ಆ ಹದಿನೆಂಟನ್ನು ಚೀಟಿಯ ಮೇಲೆ ಬರೆದುಕೊಂಡರು. “ಅಣ್ಣಾ, ಹೀಟರ್ ಇದೆ, ಹೊಸದು, ಡಬ್ಬ ಕೂಡ ಒಡೆದಿಲ್ಲ. ಆದ್ರೆ ಅದು ಸರೀಸೃಪಾಗಾರಕ್ಕೆ ಮಾತ್ರ. ನಿನ್ನ ಕೋಣೆ ಬಿಸಿ ಇಲ್ವಲ್ಲ, ಹೇಗೆ ಕೊಡ್ಲಿ?” ಎಂದರು. ಹೀಟರ್ ಇಲ್ಲದ್ದರಿಂದ ಬಿಸಿ ಇಲ್ಲ ಎಂದೆ. ಬಿಸಿ ಇಲ್ಲದ್ದರಿಂದ ಹೀಟರ್ ಇಲ್ಲ ಎಂದರು. ಇಬ್ಬರೂ ದೊಡ್ಡಮ್ಮನ ಕಡೆ ನೋಡಿದೆವು. ಆಕೆ ಯಾರ ಪಕ್ಷವನ್ನೂ ವಹಿಸಲಿಲ್ಲ.

ಹಾಗಾದರೆ ನಾಲ್ಕನೇ ಕೋಣೆ ಸರೀಸೃಪಾಗಾರವಲ್ಲದೆ ಮತ್ತೇನು ಎಂದು ತಮ್ಮನ್ನೇ ಕೇಳಿದೆ. ಗುರುವಾರದ ಹದಿಮೂರನೆಯ ಸಭೆಯಲ್ಲಿ ತಾವು ಕೃಪೆಯಿಟ್ಟು ನಿರ್ಣಯಿಸಿದಿರಿ: ‘ಸದರಿ ಕೋಣೆಗೆ ಪ್ರಸ್ತುತ ಪದವಿರುವುದಿಲ್ಲ. ಮುಂದಿನ ಸಭೆಯಲ್ಲಿ ಪರಿಶೀಲಿಸಲಾಗುವುದು.’ ಅಂದೇ ಮಧ್ಯಾಹ್ನ ಇಬ್ಬರು ಏಣಿ ಹೊತ್ತು ಬಂದು, ಪದವಿಲ್ಲದ ಕೋಣೆಗೆ ಬೋರ್ಡು ಇರಕೂಡದೆಂದು ಬಾಗಿಲ ಮೇಲಿನ ‘ಸರೀಸೃಪಾಗಾರ’ ಎಂಬ ಹಿತ್ತಾಳೆಯ ಹಲಗೆ ಬಿಚ್ಚಿಕೊಂಡು ಹೋದರು. ನಿರ್ಣಯವಾಗಿ ಒಂದು ಗಂಟೆಯೂ ಆಗಿರಲಿಲ್ಲ. ಮೃಗಾಲಯದಲ್ಲಿ ಕೆಲಸ ನಿಧಾನವೆಂದು ದೂರುವವರ ಬಾಯಿ ಮುಚ್ಚಿಸಲು ಇದೊಂದು ಉದಾಹರಣೆ ಸಾಕು. ನಾನು ಮನೆಯಿಂದ ಒಂದು ಚಿಕ್ಕ ಹೀಟರ್ ತಂದೆ. ವೈರಿಂಗಿನವರು ಹೆಸರಿಲ್ಲದ ಕೋಣೆಗೆ ಕರೆಂಟು ಕೊಡುವುದು ಯಾವ ಆಧಾರದ ಮೇಲೆ ಎಂದು ಫ್ಯೂಸು ಕಿತ್ತುಕೊಂಡು ಹೋದರು. ಪಕ್ಕದ ಕೋಣೆಗೆ ಸಾಗಿಸೋಣವೆಂದರೆ ಅಲ್ಲಿರುವುದು ಉಡಗಳು. ದೊಡ್ಡಮ್ಮನನ್ನು ಅವುಗಳ ಜೊತೆ ಬಿಟ್ಟರೆ ಸ್ವಲ್ಪ ದಿನದಲ್ಲಿ ಅದೂ ಒಂಟಿ ಕೋಣೆಯೇ ಆಗುತ್ತದೆ.

ಶುಕ್ರವಾರ ಆಕೆ ಮೊಲವನ್ನು ಕಕ್ಕಿದಳು. ಐದು ದಿನ ಹೊಟ್ಟೆಯಲ್ಲಿದ್ದ ಮೊಲ. ಅದನ್ನು ಬಾಚಿ ತೆಗೆದವನು ನಾನು, ಆ ವಾಸನೆಗೆ ತಮ್ಮ ಪಟ್ಟಿಯಲ್ಲಿ ಯಾವ ಪದವಿದೆಯೋ ಗೊತ್ತಿಲ್ಲ. ಅಂದು ನನ್ನ ಹೆಂಡತಿ ತನ್ನ ಎರಡು ಬಿಸಿನೀರಿನ ಚೀಲಗಳನ್ನು ತಂದು ನನ್ನ ಕೈಗಿಟ್ಟು, “ನನ್ನ ಸೊಂಟನೋವಿಗೆ ಇಟ್ಕೊಂಡಿದ್ದು. ಪರವಾಗಿಲ್ಲ, ತಗೊಂಡು ಹೋಗಿ. ನನಗೆ ಇಷ್ಟೇ ಇಷ್ಟು ಸೊಂಟ, ಅವಳಿಗೆ ಪಾಪ ಮೈಯೆಲ್ಲ ಸೊಂಟವೇ” ಎಂದಳು. ಎರಡೆರಡು ಗಂಟೆಗೊಮ್ಮೆ ನೀರು ಕಾಯಿಸಿ ಚೀಲ ಬದಲಿಸುತ್ತ ಬಂದೆ. ಹದಿನೈದಡಿ ಉದ್ದದ ಜೀವಕ್ಕೆ ಎರಡು ಚೀಲ ಎಲ್ಲಿಗೆ ಸಾಲುತ್ತವೆ? ಮೊನ್ನೆ ಸೋಮವಾರ ಡಾಕ್ಟರು ಬಂದು ಆಕೆಯ ಬಾಯಿ ತೆರೆದು ನೋಡಿ, ಉಸಿರಿನಲ್ಲಿ ಗೊರಗೊರ ಕೇಳಿಸಿಕೊಂಡು, “ಇನ್ನು ಮೂರು ದಿನ ಹೀಗೇ ಇದ್ರೆ ನನ್ನ ಕರೀಬೇಡಿ, ನಾನು ಬಂದೂ ಪ್ರಯೋಜನ ಇಲ್ಲ” ಎಂದರು. ಮಾನ್ಯರೇ, ಇಲ್ಲಿ ನನಗೆ ವಿನಯ ಸ್ವಲ್ಪ ಕೈಕೊಡುತ್ತದೆ. ನನಗೆ ಭಯವಾಗಿತ್ತು. ‘ಸದಾ ಬಿಸಿಯಾಗಿರುವ’ ಎಂಬ ಆ ಎರಡು ಪದಗಳನ್ನು ಬಾಯಾರೆ ಹೇಳಿ ಸೇರಿಸಿದವನು ನಾನೇ ಎಂಬುದು ಪ್ರತಿ ಬಾರಿ ಚೀಲ ಬದಲಿಸುವಾಗಲೂ ನೆನಪಾಗುತ್ತಿತ್ತು.

ಆದ್ದರಿಂದ ತಮ್ಮಲ್ಲಿ ಕೆಲವು ಸಣ್ಣಪುಟ್ಟ ವಿನಂತಿಗಳನ್ನು ಮಾಡಿಕೊಳ್ಳಬೇಕೆಂದು ಕೂತೆ. ತನ್ನ ರಕ್ತವನ್ನು ತಾನೇ ಬಿಸಿ ಮಾಡಿಕೊಳ್ಳತಕ್ಕದ್ದೆಂದು ದೊಡ್ಡಮ್ಮನಿಗೆ ಒಂದು ಸುತ್ತೋಲೆ ಹೊರಡಿಸಬೇಕು. ಆಕೆಗೆ ಕಿವಿ ಇಲ್ಲವಾದ್ದರಿಂದ ನಾನು ಬೇಕಾದರೆ ಗಾಜಿಗೆ ಅಂಟಿಸುತ್ತೇನೆ. ಅಥವಾ ‘ಚಳಿ’ ಎಂಬ ಪದಕ್ಕೆ ಸಮಿತಿಯ ಮಾನ್ಯತೆಯನ್ನು ಹಿಂತೆಗೆದುಕೊಂಡು, ಅದು ಮೃಗಾಲಯದ ಗೋಡೆಯೊಳಗೆ ಬಾರದಂತೆ ನಿರ್ಬಂಧಿಸಬೇಕು. ಇವೆರಡೂ ಕಷ್ಟವಾದರೆ, ಆಕೆ ‘ಜೀವಂತ’ ಎಂಬ ಪದದಿಂದ ಹೊರಗೆ ಹೋಗುವ ದಿನವನ್ನಾದರೂ ಹದಿನಾಲ್ಕನೆಯ ಸಭೆಯ ನಂತರಕ್ಕೆ ಮುಂದೂಡಬೇಕು. ಇಷ್ಟು ಬರೆದು, ಉತ್ತರ ಯಾವಾಗ ಬರಬಹುದೆಂದು ಯೋಚಿಸುತ್ತ ತಮ್ಮ ನಿರ್ಣಯದ ಪ್ರತಿಯನ್ನು ಇನ್ನೊಮ್ಮೆ ಓದಿದೆ. ಆಗ ತಮ್ಮ ಪಾಂಡಿತ್ಯದ ಆಳ ನನಗೆ ಹೊಳೆಯಿತು.

ತಮ್ಮ ಸಭಾಕೋಣೆ ನಾಲ್ಕೂ ಕಡೆ ಮುಚ್ಚಿದೆ. ಮೊಗಸಾಲೆಯ ಕಡೆ ಗಾಜಿನ ಗೋಡೆಯಿದೆ. ಮೇಜಿನ ಮೇಲೆ ನೀರಿನ ಹೂಜಿಯಿದೆ. ಸದಸ್ಯರು ನಿರ್ಣಯವಾಗುವ ಮೊದಲೇ ಎದ್ದು ಮನೆಗೆ ಹೋಗಿಬಿಡುತ್ತಾರೆಂದು ತಾವೇ ಹೊರಗಿನಿಂದ ಚಿಲಕ ಹಾಕಿಸಿದ್ದೀರಿ. ಸಭೆ ಶುರುವಾದೊಡನೆ ಜವಾನ ಅದನ್ನು ಹಾಕಿ, ತಾವು ಗಂಟೆ ಬಾರಿಸಿದ ಮೇಲೆಯೇ ತೆಗೆಯುವುದು ಇಲ್ಲಿನ ಪದ್ಧತಿ. ಬಿಸಿಯ ವಿಷಯ ಹೇಳುವಂತೆಯೇ ಇಲ್ಲ, ಎರಡು ಹೀಟರುಗಳು ಸಭೆಯಿಲ್ಲದ ದಿನವೂ ಉರಿಯುತ್ತಿರುತ್ತವೆ. ಇಷ್ಟು ವರ್ಷ ಆ ಕೋಣೆಗೆ ಒಂದೇ ಒಂದು ಕೊರತೆಯಿತ್ತು. ಇಂದು ಬೆಳಿಗ್ಗೆ ನಾವು ಐದು ಜನ ಸೇರಿ, ಕಂಬಳಿಯಲ್ಲಿ ಸುತ್ತಿ ಹೊತ್ತು ತಂದು, ಆ ಕೊರತೆಯನ್ನು ನೀಗಿಸಿದ್ದೇವೆ.

ದೊಡ್ಡಮ್ಮ ಈಗ ತಮ್ಮ ಕುರ್ಚಿಯ ಹಿಂದಿನ ಕಪಾಟಿನ ಕೆಳಗಿನ ಅರೆಯಲ್ಲಿ, ಎರಡು ಹೀಟರುಗಳ ನಡುವೆ ಇದ್ದಾಳೆ. ಹಾಸಲು ಬೇರೇನೂ ಸಿಗದೆ ತಮ್ಮ ಹದಿಮೂರು ಸಭೆಗಳ ನಡಾವಳಿಯನ್ನೇ ಹಾಸಿದೆವು. ದಪ್ಪವಾಗಿ, ಬೆಚ್ಚಗೆ, ಆಕೆಯ ಭಾರಕ್ಕೆ ಒಂದಿಷ್ಟೂ ಕುಸಿಯದೆ ಇದೆ. ಹನ್ನೊಂದು ಗಂಟೆಗೆ ತಲೆ ಎತ್ತಿದಳು. ಒಂದು ಗಂಟೆಗೆ ನಾಲಗೆ ಹೊರಹಾಕಿದಳು, ಒಂಬತ್ತು ದಿನಗಳಲ್ಲಿ ಮೊದಲ ಸಲ. ಡಾಕ್ಟರು ಉಸಿರು ಕೇಳಿ ನನ್ನ ಬೆನ್ನು ತಟ್ಟಿ ಹೋದರು. ಸ್ಟೋರಿನವರು ನಿಯಮದಂತೆ ಥರ್ಮಾಮೀಟರ್ ಹಿಡಿದು ಬಂದು, ಎಲ್ಲ ಲಕ್ಷಣಗಳೂ ತಾಳೆಯಾಗುತ್ತವೆಂದು ಕಂಡು, ಸರೀಸೃಪಾಗಾರಕ್ಕೆ ಸಲ್ಲಬೇಕಾದ ಆ ಹೊಸ ಹೀಟರನ್ನು ಅಲ್ಲೇ ಡಬ್ಬ ಒಡೆದು ಹಚ್ಚಿಟ್ಟರು. ಈಗ ಮೂರು ಉರಿಯುತ್ತಿವೆ. ಏಣಿಯವರಂತೂ ಎಂದಿನಂತೆ ಒಂದು ಗಂಟೆಯೊಳಗೆ ಬಂದು ಹಿತ್ತಾಳೆಯ ಹಲಗೆಯನ್ನು ತಮ್ಮ ಬಾಗಿಲ ಮೇಲೆ ಬಡಿದಿದ್ದಾರೆ. ಟಿಕೆಟ್ ಕಿಟಕಿಯ ಅಕ್ಕ ಮಧ್ಯಾಹ್ನದಿಂದ ಎಡಗಡೆಗೆ ಬೆರಳು ತೋರಿಸುತ್ತಿದ್ದಾರೆ.

ನಾಳೆ ಗುರುವಾರ, ತಮ್ಮ ಹದಿನಾಲ್ಕನೆಯ ಸಭೆ. ದೊಡ್ಡಮ್ಮ ಪೂರ್ತಿ ಚೇತರಿಸಿಕೊಳ್ಳಲು ಆರು ವಾರವಾದರೂ ಬೇಕೆಂದು ಡಾಕ್ಟರು ಬರೆದುಕೊಟ್ಟಿದ್ದಾರೆ. ಸಮಿತಿಗೆ ತೊಂದರೆಯಾಗಬಾರದೆಂದು ನಾಲ್ಕನೇ ಕೋಣೆಯನ್ನು ಗುಡಿಸಿ, ಏಳು ಕುರ್ಚಿ ಹಾಕಿಸಿದ್ದೇನೆ. ಅಲ್ಲಿ ಕೂತು ಆ ಕೋಣೆಗೆ ಏನೆಂದು ಕರೆಯಬೇಕೆಂಬುದನ್ನು ಸಾವಕಾಶವಾಗಿ ಚರ್ಚಿಸಬಹುದು. ಇಲ್ಲ, ನಮ್ಮ ಕೋಣೆಯೇ ಆಗಬೇಕು ಎಂದರೂ ಅಡ್ಡಿಯಿಲ್ಲ, ದಯಮಾಡಿಸಿ. ಜವಾನನಿಗೆ ಚಿಲಕದ ವಿಷಯ ನೆನಪಿಸಿದ್ದೇನೆ.

ಒಂಬತ್ತು ದಿನಗಳ ನಂತರ ಇಂದು ಮೈ ಬೆಚ್ಚಗಾಗಿರುವ
ತಮ್ಮ ವಿಶ್ವಾಸಿ,
ಹಾವು ನೋಡಿಕೊಳ್ಳುವವನು
(ತಮ್ಮ ಹತ್ತನೆಯ ಸಭೆಯ ನಡಾವಳಿಯಲ್ಲಿ: ತಜ್ಞ)

ಬರೆಯಲು ಮರೆತದ್ದು: ಕಾಲಿಗೆ ಏನಾದರೂ ತಣ್ಣಗೆ ತಾಗಿದರೆ ಗಾಬರಿಯಾಗಿ ಹೀಟರ್ ಮಾತ್ರ ಆರಿಸಬೇಡಿ. ಆರಿಸಿದ ಕ್ಷಣದಿಂದ ಅದು ಸರೀಸೃಪಾಗಾರವಲ್ಲ, ಪದವಿಲ್ಲದ ಕೋಣೆ. ಪದವಿಲ್ಲದ ಕೋಣೆಯೊಳಗೆ ಕೂತವರು ಎಷ್ಟು ದಿನ ನಡುಗಿದರೂ ಯಾರೂ ಬರುವುದಿಲ್ಲ. ನಾನು ಕೇಳಿ ನೋಡಿದ್ದೇನೆ.