ಕಟ್ಟೆಗೆ ಬೆಳಕು ತಂದ ಕಥೆ

ಬೆಳಕಿದ್ದಲ್ಲಿ ಜನ ಸೇರುತ್ತಾರೆ, ಮನಸ್ಸು ಅರಳುತ್ತದೆ ಎಂದು ಮೊಬೈಲಿನ ವಿಡಿಯೊದಲ್ಲಿ ಒಬ್ಬಾತ ಹೇಳಿದ. ನಾನು ನಂಬಿದೆ. ನಂಬುವುದು ನನ್ನ ಹುಟ್ಟುಗುಣ!

ನಾಗನೂರಿನ ನಮ್ಮ ಮನೆಯ ಕಟ್ಟೆಯ ಮೇಲೆ ದಿನಾ ಸಂಜೆ ನನ್ನ ಹೆಂಡತಿ ಮಹಾದೇವಿ ಕೂರುತ್ತಾಳೆ. ಓಣಿಯ ಸೊಸೆಯಂದಿರೂ ಬಂದು ಸೇರುತ್ತಾರೆ. ಹೊಲ, ಕುರಿ, ಅಡುಗೆ ಎಲ್ಲ ಮುಗಿದ ಮೇಲೆ ಅವರಿಗೆ ಸಿಗುವುದು ಅದೊಂದೇ ತಾಸು. ಕಂಬದ ದೀಪ ಅಲ್ಲಿಗೆ ಮುಟ್ಟುವುದಿಲ್ಲ. ಪಾಪ, ಕತ್ತಲಲ್ಲಿ ಕೂತಿದ್ದಾರಲ್ಲ ಎಂದು ನನ್ನ ಕರುಳು ಚುರುಕ್ಕೆಂದಿತು. ಗೋಕಾಕಿಗೆ ಹೋಗಿ ದೊಡ್ಡದೊಂದು ಬಿಳಿ ಫೋಕಸ್ ಲೈಟು ತಂದು ಬಾಗಿಲ ಮೇಲೆ ಕೂರಿಸಿಯೇ ಬಿಟ್ಟೆ.

ಸಂಜೆ ಸ್ವಿಚ್ ಒತ್ತಿದೆ. ಸೊಸೆಯಂದಿರು ಸೆರಗು ಎಳೆದುಕೊಂಡು ದಡಬಡ ಎದ್ದರು. ಎದುರಿನ ಕಟ್ಟೆಯಲ್ಲಿ ಅವರ ಮಾವಂದಿರು! ಇಷ್ಟು ದಿನ ಯಾರಿಗೂ ಯಾರೂ ಕಾಣುತ್ತಿರಲಿಲ್ಲ. ಮಾವನ ಕಣ್ಣೆದುರು ಕೂತು ಹರಟೆ ಹೊಡೆಯುವ ಸೊಸೆ ನಮ್ಮ ಓಣಿಯಲ್ಲಿ ಇನ್ನೂ ಹುಟ್ಟಿಲ್ಲ. ಕಟ್ಟೆ ಖಾಲಿಯಾಯಿತು.

ಬೆಳಕು ಸಾಲದಾಯಿತೇನೋ ಎಂದು ಮರುದಿನ ಇನ್ನೊಂದು ತಂದೆ.

ಈಗ ಜನ ಸೇರಿದರು. ಆ ಮಾವಂದಿರೇ ಇಸ್ಪೀಟು ಹಿಡಿದುಕೊಂಡು ಬಂದರು!

"ಭಾಳ ಚಲೋ ಕೆಲಸಾ ಮಾಡಿದಿ ನೋಡಪಾ ತಮ್ಮಾ, ಎಲಿ ಎಷ್ಟ್ ಸಾಫ್ ಕಾಣತಾವು!" ಎಂದರು ಬಾಜೂಮನೆಯ ಸಿದ್ದಪ್ಪ ಕಾಕಾ. "ಹಂಗ ಒಂದೀಟ ಚಾ ಆಗ್ಲಿ."

ಬೆಳಕಿಗೆ ಹುಳ ಬಂದವು. ಚಹಾದಲ್ಲಿ ಬಿದ್ದವು. ಮತ್ತೆ ಚಹಾ! ಕೊನೆಗೆ ಮಹಾದೇವಿ ಪಾತ್ರೆ ಕುಕ್ಕಿದಳು.

"ನನಗ ಕುಂಡ್ರಾಕ ಇದ್ದ ಜಾಗಾ ಅದೊಂದರಿ. ಅದನೂ ಮಂದಿಗಿ ಕೊಟ್ರಿ."

ಅವಳ ಕಣ್ಣು ತುಂಬಿತ್ತು. ನನಗೆ ನಿಜಕ್ಕೂ ಕೆಡುಕೆನಿಸಿತು.

ಲೈಟು ಸುಟ್ಟಿವೆ ಎಂದು ಕಾಕಾಗೆ ಸುಳ್ಳು ಹೇಳಿದೆ. ಅವರು ತಮ್ಮ ಮನೆಯದನ್ನೇ ಬಿಚ್ಚಿ ತಂದು ಹಾಕಿದರು! ಪರೋಪಕಾರದಲ್ಲಿ ನನ್ನನ್ನೂ ಮೀರಿಸಿದವರು.

ಮರುದಿನ ಸಂಜೆ ಮನೆಯ ಫ್ಯೂಜನ್ನೇ ಕಿತ್ತು ಜೇಬಿಗಿಳಿಸಿದೆ. "ನಮ್ಮ ಮನಿ ಲೈನೇ ಹೋಗೇತ್ರಿ ಕಾಕಾ!" ಇಸ್ಪೀಟಿನವರು ಗೊಣಗುತ್ತ ಹೋದರು. ಸ್ವಲ್ಪ ಹೊತ್ತಿಗೆ ಕಟ್ಟೆಯ ಮೇಲೆ ಬಳೆಗಳ ಸದ್ದು. ಆಮೇಲೆ ನಗು. ಕತ್ತಲಲ್ಲಿ ಯಾರ ಸೊಸೆ ನಕ್ಕಳೆಂದು ಯಾವ ಮಾವನಿಗೂ ಗೊತ್ತಾಗುವಂತಿರಲಿಲ್ಲ.

ಒಳಗೆ ಊಟಕ್ಕೆ ಕೂತ ನನಗೆ ಮಾತ್ರ ತಾಟೂ ಕಾಣುತ್ತಿರಲಿಲ್ಲ. "ಈಗರೆ ಫ್ಯೂಜ್ ಹಾಕ್ಲೇನ?" ಎಂದು ಕೂಗಿದೆ.

"ಇನ್ನೊಂದೀಟ ತಡೀರಿ!" ಎಂದಳು ಮಹಾದೇವಿ. "ನಿಮ್ಮ ಕತಿ ಈಗ ಅರ್ಧಾ ಆಗೇತಿ."

ಕಟ್ಟೆ ಮತ್ತೆ ಗೊಳ್ಳೆಂದಿತು. ನಾನು ತಡೆದೆ. ಬದನೆಕಾಯಿ ಎಂದು ಕಚ್ಚಿದ್ದು ಹಸಿಮೆಣಸಿನಕಾಯಿ! ಆದರೂ ಕೂಗಲಿಲ್ಲ. ಕೂಗಿದ್ದರೆ ಉಳಿದರ್ಧ ಕಥೆಗೆ ಅದೂ ಸೇರುತ್ತಿತ್ತು.